ಕೂಡಿಟ್ಟ ಕಾಲವೂ ದಾರಿಬುತ್ತಿಯೂ: ‘ಇನ್ ಟೈಮ್’ ಚಿತ್ರದ ಒಂದು ದೈವಶಾಸ್ತ್ರೀಯ ವಿಮರ್ಶೆ

ಆ್ಯಂಡ್ರ್ಯೂ ನಿಕಲ್ ಬರೆದು ನಿರ್ದೇಶಿಸಿದ ‘ಇನ್ ಟೈಮ್’ 2011ರಲ್ಲಿ ತೆರೆಕಂಡ ಚಿತ್ರ. ‘ಗ್ಯಾಟಕ’ವನ್ನು ನಿರ್ದೇಶಿಸಿದವರೂ ‘ದ ಟ್ರೂಮನ್ ಶೋ’ಗೆ ಚಿತ್ರಕಥೆ ಬರೆದವರೂ ಇವರೇ. ಕಾಲವನ್ನು ಪಾತ್ರೆಯಲ್ಲಿ ತುಂಬಿಡಬಹುದು, ಒಂದೆಡೆಯಿಂದ ಇನ್ನೊಂದೆಡೆಗೆ ಸಾಗಿಸಬಹುದು, ಬೇಕಾದಾಗ ಬಿಚ್ಚಿ ಬಳಸಬಹುದು ಎಂಬ ಕಲ್ಪನೆಯ ಮೇಲೆ ಇಡೀ ಕಥೆ ನಿಂತಿದೆ. ಚಿತ್ರ ಹಳೆಯದಾದರೂ ಅದನ್ನು ಇಲ್ಲಿ ಚರ್ಚೆಗೆ ಎತ್ತಿಕೊಳ್ಳಲು ಕಾರಣವಿದೆ. ಕಾಲವನ್ನು ಕೂಡಿಡಬಹುದೇ, ಕೂಡಿಟ್ಟರೆ ಅದು ಕಾಲವಾಗಿಯೇ ಉಳಿಯುತ್ತದೆಯೇ ಎಂಬ ಪ್ರಶ್ನೆಗೆ ಗುರುಗಳಾದ ನಾವು ಅರಿತೋ ಅರಿಯದೆಯೋ ದಿನವೂ ಉತ್ತರ ಕೊಡುತ್ತಿರುತ್ತೇವೆ. ಪರಮಪ್ರಸಾದದ ಪೆಟ್ಟಿಗೆಗೆ ಬೀಗ ಹಾಕುವಾಗ, ರೋಗಿಯ ಮನೆಗೆ ಪ್ರಸಾದವನ್ನು ಕೊಂಡೊಯ್ಯುವಾಗ, ಬಲಿಪೂಜೆಯ ಧ್ವನಿಮುದ್ರಿತ ದೃಶ್ಯವನ್ನು ಧರ್ಮಕೇಂದ್ರದ ಮೊಬೈಲ್ ಗುಂಪಿಗೆ ಕಳುಹಿಸುವಾಗ ನಾವು ಕೊಡುತ್ತಿರುವ ಉತ್ತರ ಯಾವುದು? ಚಿತ್ರದ ಕಲ್ಪನೆಯನ್ನು ಒರೆಗಲ್ಲಾಗಿಸಿ ಅದನ್ನು ಪರೀಕ್ಷಿಸುವುದೇ ಈ ಬರಹದ ಉದ್ದೇಶ.

1. ಕಾಲದ ಕರಡಿಗೆ

ಕಥೆ ನಡೆಯುವುದು 2169ರಲ್ಲಿ. ಇಪ್ಪತ್ತೈದನೆಯ ವಯಸ್ಸಿಗೆ ಮನುಷ್ಯರ ಮುಪ್ಪು ನಿಂತುಬಿಡುತ್ತದೆ. ಅದೇ ಕ್ಷಣ ಮುಂಗೈಯ ಚರ್ಮದಡಿಯ ಹಸಿರು ಅಂಕಿಗಳ ಗಡಿಯಾರ ಓಡತೊಡಗುತ್ತದೆ. ಪ್ರತಿಯೊಬ್ಬರಿಗೂ ಒಂದೇ ವರ್ಷದ ಬಂಡವಾಳ. ಅನಂತರದ ಪ್ರತಿ ನಿಮಿಷವನ್ನೂ ದುಡಿದು ಗಳಿಸಬೇಕು, ಬೇಡಬೇಕು ಅಥವಾ ಕದಿಯಬೇಕು. ಕೂಲಿ ಸಿಗುವುದು ಗಂಟೆಗಳಲ್ಲಿ, ಕಾಫಿಗೆ ಬೆಲೆ ನಿಮಿಷಗಳಲ್ಲಿ. ಕೈಗೆ ಕೈ ಹಿಡಿದರೆ ಒಬ್ಬರ ಕಾಲ ಇನ್ನೊಬ್ಬರಿಗೆ ಹರಿಯುತ್ತದೆ. ಬಡವರ ವಲಯದಲ್ಲಿ ಜನ ಓಡುತ್ತಲೇ ಇರುತ್ತಾರೆ. ಸಿರಿವಂತರ ವಲಯವಾದ ನ್ಯೂ ಗ್ರೀನಿಚ್‌ನಲ್ಲಿ ಯಾರೂ ಓಡುವುದಿಲ್ಲ.

ಈ ವ್ಯವಸ್ಥೆಯ ಹೃದಯದಲ್ಲಿರುವ ಸಾಧನವೆಂದರೆ ಕೈಯಲ್ಲಿ ಹಿಡಿದೊಯ್ಯಬಹುದಾದ ಲೋಹದ ಕರಡಿಗೆ. ಕಾಲವನ್ನು ಮೈಯಿಂದ ಬೇರ್ಪಡಿಸಿ ಅದರಲ್ಲಿ ಕೂಡಿಡಬಹುದು. ಅದು ಯಾರ ಆಯುಷ್ಯ ಎಂಬ ಗುರುತು ಕರಡಿಗೆಯೊಳಗೆ ಉಳಿಯುವುದಿಲ್ಲ. ಸಾಲ ಕೊಡುವ ಧಣಿ ಫಿಲಿಪ್ ವೈಸ್‌ನ ತಿಜೋರಿಯಲ್ಲಿ ಹತ್ತು ಲಕ್ಷ ವರ್ಷಗಳನ್ನು ತುಂಬಿದ ಕರಡಿಗೆಯೊಂದಿದೆ. ನಾಯಕ ವಿಲ್ ಸಾಲಸ್ ಮತ್ತು ವೈಸ್‌ನ ಮಗಳು ಸಿಲ್ವಿಯಾ ಅದನ್ನು ಕದ್ದು ಬಡವರಿಗೆ ಹಂಚುವುದೇ ಕಥೆಯ ಉತ್ತರಾರ್ಧ.

ಚಿತ್ರದ ಅತ್ಯಂತ ಬಲವಾದ ದೃಶ್ಯ ವಿಲ್‌ನ ತಾಯಿ ರೇಚಲ್‌ಳ ಸಾವು. ಬಸ್ಸಿನ ದರ ಒಂದು ಗಂಟೆಯಿಂದ ಎರಡು ಗಂಟೆಗೆ ಏರಿದೆ. ಅವಳ ಮುಂಗೈಯಲ್ಲಿ ಅಷ್ಟು ಕಾಲ ಉಳಿದಿಲ್ಲ. ಅವಳು ಓಡುತ್ತಾಳೆ, ಎದುರಿನಿಂದ ಮಗನೂ ಓಡಿಬರುತ್ತಾನೆ, ಕೈ ತಾಕುವಷ್ಟರಲ್ಲಿ ಅಂಕಿಗಳು ಸೊನ್ನೆಗಳಾಗುತ್ತವೆ. ದರ ಏರಿಸಿದವರು ಯಾರನ್ನೂ ಕೊಂದಿಲ್ಲ, ಒಂದು ಅಂಕಿಯನ್ನು ತಿದ್ದಿದ್ದಾರೆ, ಅಷ್ಟೆ. ರಚನಾತ್ಮಕ ಪಾಪವೆಂದು ನಾವು ಪಾಠದಲ್ಲಿ ಎಷ್ಟೋ ಗಂಟೆ ವಿವರಿಸುವುದನ್ನು ಈ ದೃಶ್ಯ ಎರಡು ನಿಮಿಷಗಳಲ್ಲಿ ಕಾಣಿಸುತ್ತದೆ.

2. ಕಾಲದ ಮಾರಾಟ

ಇದು ಹೊಸ ಚಿಂತನೆಯೇನಲ್ಲ. ಮಧ್ಯಯುಗದ ದೈವಶಾಸ್ತ್ರಜ್ಞರು ಬಡ್ಡಿಯನ್ನು ಖಂಡಿಸಿದಾಗ ಮುಂದಿಟ್ಟ ವಾದಗಳಲ್ಲಿ ಒಂದು ಇದೇ ಆಗಿತ್ತು: ಬಡ್ಡಿಕೋರ ಮಾರುವುದು ಕಾಲವನ್ನು, ಕಾಲವೋ ದೇವರದು, ಸಕಲ ಸೃಷ್ಟಿಗೂ ಸಮಾನವಾಗಿ ದತ್ತವಾದದ್ದು, ತನ್ನದಲ್ಲದ್ದನ್ನು ಮಾರುವವನು ಕಳ್ಳ. ಹದಿಮೂರನೆಯ ಶತಮಾನದ ಓಸೇರಿನ ವಿಲಿಯಂ ಈ ವಾದವನ್ನು ಸ್ಪಷ್ಟವಾಗಿ ಮಂಡಿಸಿದವರಲ್ಲಿ ಒಬ್ಬರು. 1179ರ ಮೂರನೆಯ ಲ್ಯಾಟರನ್ ಮಹಾಸಭೆ ಬಹಿರಂಗ ಬಡ್ಡಿಕೋರರಿಗೆ ಕ್ರೈಸ್ತ ಸಮಾಧಿಯನ್ನೇ ನಿರಾಕರಿಸಿತ್ತು. ಇತಿಹಾಸಕಾರ ಝಾಕ್ ಲೆ ಗಾಫ್ 1960ರ ತಮ್ಮ ಪ್ರಸಿದ್ಧ ಪ್ರಬಂಧದಲ್ಲಿ ಧರ್ಮಸಭೆಯ ಕಾಲ ಮತ್ತು ವರ್ತಕನ ಕಾಲ ಎಂಬ ಎರಡು ಕಾಲಗಳ ತಿಕ್ಕಾಟವನ್ನು ಗುರುತಿಸಿದರು. ನಿಕಲ್‌ರ ಚಿತ್ರದಲ್ಲಿ ಮೊದಲನೆಯ ಕಾಲ ಸಂಪೂರ್ಣ ಅಳಿದುಹೋಗಿ ಎರಡನೆಯದೇ ಲೋಕವಾಗಿದೆ. ಅಲ್ಲಿ ಗುಡಿಯ ಗಂಟೆ ಕೇಳುವುದಿಲ್ಲ, ಹಬ್ಬವಿಲ್ಲ, ವಿಶ್ರಾಂತಿಯ ದಿನವಿಲ್ಲ.

ನಮ್ಮ ಹಳ್ಳಿಗಳಿಗೂ ಇದಕ್ಕೂ ದೂರ ಹೆಚ್ಚಿಲ್ಲ. ಕಿರುಸಾಲ ಸಂಸ್ಥೆಗಳ ವಾರದ ಕಂತು ಒಬ್ಬ ಕೂಲಿ ಹೆಂಗಸಿನ ಮುಂದಿನ ನೂರು ವಾರಗಳನ್ನು ಇಂದೇ ಕೊಂಡುಬಿಡುತ್ತದೆ. ವಸೂಲಿಯ ಕಿರುಕುಳ ಮಿತಿ ಮೀರಿದ್ದರಿಂದಲೇ 2025ರ ಫೆಬ್ರುವರಿಯಲ್ಲಿ ಕರ್ನಾಟಕ ಸರ್ಕಾರ ಸುಗ್ರೀವಾಜ್ಞೆ ತರಬೇಕಾಯಿತು. ಚಿತ್ರದ ಗಡಿಯಾರ ಮುಂಗೈಯಲ್ಲಿ ಹೊಳೆಯುತ್ತದೆ. ಇಲ್ಲಿ ಅದು ಕಂತಿನ ಪುಸ್ತಕದಲ್ಲಿರುತ್ತದೆ. ಆದ್ದರಿಂದ ಚಿತ್ರದ ರೋಗನಿದಾನವನ್ನು ನಾವು ಗೌರವದಿಂದ ಸ್ವೀಕರಿಸುತ್ತೇವೆ. ನಮ್ಮ ಆಕ್ಷೇಪಣೆ ಅದು ಹೇಳುವ ಮದ್ದಿನ ಬಗೆಗೆ.

ವಿಲ್ ಮತ್ತು ಸಿಲ್ವಿಯಾ ಕರಡಿಗೆಯನ್ನು ಕದಿಯುತ್ತಾರೆ, ಕರಡಿಗೆಯನ್ನು ಪ್ರಶ್ನಿಸುವುದಿಲ್ಲ. ಹತ್ತು ಲಕ್ಷ ವರ್ಷಗಳು ಕೈಯಿಂದ ಕೈಗೆ ಹೋಗುತ್ತವೆ, ಆದರೆ ಕಾಲವೆಂದರೆ ಎಣಿಸಿ ಸಾಗಿಸಬಹುದಾದ ಸರಕು ಎಂಬ ನಂಬಿಕೆ ಹಾಗೆಯೇ ಉಳಿಯುತ್ತದೆ. ಕೊನೆಯಲ್ಲಿ ಅವರು ಇನ್ನೂ ದೊಡ್ಡ ಬ್ಯಾಂಕಿನತ್ತ ನಡೆಯುತ್ತಾರೆ. ನ್ಯಾಯಯುತ ಹಂಚಿಕೆ ಅವಶ್ಯ; ಅದನ್ನು ಅಲ್ಲಗಳೆಯುವ ಆಧ್ಯಾತ್ಮಿಕತೆ ಸುಳ್ಳು ಆಧ್ಯಾತ್ಮಿಕತೆ. ಆದರೆ ಹಂಚಿದ ಮೇಲೆ ಆ ಜನ ತಮ್ಮ ವರ್ಷಗಳನ್ನು ಏತಕ್ಕಾಗಿ ಬದುಕುತ್ತಾರೆ? ಚಿತ್ರದ ಬಳಿ ಉತ್ತರವಿಲ್ಲ. ಉತ್ತರದ ಎಳೆಯೊಂದು ಆರಂಭದಲ್ಲೇ ಇತ್ತು: ನೂರು ವರ್ಷ ಮೀರಿ ಬದುಕಿ ದಣಿದ ಹೆನ್ರಿ ಹ್ಯಾಮಿಲ್ಟನ್ ತನ್ನಲ್ಲಿ ಉಳಿದಿದ್ದ ನೂರಕ್ಕೂ ಹೆಚ್ಚು ವರ್ಷಗಳನ್ನು ಮಲಗಿದ್ದ ವಿಲ್‌ನ ಕೈಗೆ ಹರಿಸಿ ಸಾಯುತ್ತಾನೆ. ಅದು ಆತ್ಮಾರ್ಪಣೆಯೋ ಬರೀ ಬೇಸರವೋ? ಈ ಪ್ರಶ್ನೆಯನ್ನು ಚಿತ್ರ ಬೆನ್ನಟ್ಟುವುದಿಲ್ಲ. ಬೆನ್ನಟ್ಟಿದ್ದರೆ ಉತ್ತರಾರ್ಧ ಬರೀ ಕಾರುಗಳ ಓಟವಾಗುತ್ತಿರಲಿಲ್ಲ.

3. ಗಂಟೆಯ ಹೂಗಳು

ಇದೇ ಕಲ್ಪನೆಯನ್ನು ಹೆಚ್ಚು ಆಳವಾಗಿ ಯೋಚಿಸಿದ ಕೃತಿಯೆಂದರೆ ಜರ್ಮನ್ ಲೇಖಕ ಮಿಖಾಯೆಲ್ ಎಂಡೆಯವರ 1973ರ ಮಕ್ಕಳ ಕಾದಂಬರಿ ‘ಮೋಮೋ’. ಅಲ್ಲಿಯೂ ಕಾಲವನ್ನು ಕೂಡಿಡುವ ತಂತ್ರವಿದೆ. ಬೂದುಬಣ್ಣದ ಮಹನೀಯರು ಕಾಲದ ಉಳಿತಾಯ ಬ್ಯಾಂಕಿನ ಪ್ರತಿನಿಧಿಗಳಾಗಿ ಊರಿಗೆ ಬಂದು, ಮುದಿ ತಾಯಿಯೊಡನೆ ಕಳೆಯುವ ಗಂಟೆ, ಗೆಳೆಯರೊಡನೆ ಆಡುವ ಮಾತು ಎಲ್ಲವೂ ನಷ್ಟವೆಂದು ಕ್ಷೌರಿಕನಿಗೆ ಲೆಕ್ಕ ಹಾಕಿ ತೋರಿಸುತ್ತಾರೆ. ಜನ ಕಾಲವನ್ನು ಉಳಿಸತೊಡಗುತ್ತಾರೆ. ಉಳಿಸಿದಷ್ಟೂ ಬದುಕು ಬರಡಾಗುತ್ತದೆ. ಉಳಿಸಿದ ಕಾಲ ನಿಜವಾಗಿ ಹೋಗುವುದು ಆ ಮಹನೀಯರ ಹಿಮದ ಉಗ್ರಾಣಕ್ಕೆ. ಎಂಡೆಯವರಲ್ಲಿ ಕಾಲ ಅಂಕಿಯಲ್ಲ, ಹೂ. ಪ್ರತಿಯೊಬ್ಬರ ಹೃದಯದಲ್ಲೂ ಗಂಟೆಯ ಹೂ ಅರಳುತ್ತದೆ, ಬಾಡುತ್ತದೆ, ಮತ್ತೊಂದು ಅರಳುತ್ತದೆ. ಕದ್ದ ಹೂಗಳ ಎಸಳುಗಳನ್ನು ಒಣಗಿಸಿ ಚುಟ್ಟ ಸುತ್ತಿ ಸೇದುವುದರಿಂದಲೇ ಆ ಮಹನೀಯರು ಬದುಕಿರುವುದು.

ನಿಕಲ್‌ರ ಕರಡಿಗೆಗಿಂತ ಈ ಹೂ ಸತ್ಯಕ್ಕೆ ಹತ್ತಿರವಾಗಿದೆ. ಸಂತ ಆಗಸ್ಟೀನರು ತಮ್ಮ ‘ನಿವೇದನೆಗಳು’ ಗ್ರಂಥದ ಹನ್ನೊಂದನೆಯ ಪುಸ್ತಕದಲ್ಲಿ ಕಾಲವನ್ನು ಆತ್ಮದ ಹರಹಿನಲ್ಲಿ ಹುಡುಕಿದರು. ಕಳೆದುದರ ವರ್ತಮಾನ ನೆನಪು, ಇರುವುದರ ವರ್ತಮಾನ ಗಮನ, ಬರಲಿರುವುದರ ವರ್ತಮಾನ ನಿರೀಕ್ಷೆ ಎಂಬುದು ಅವರ ಕಾಣ್ಕೆ. ಹಾಗಿದ್ದಲ್ಲಿ ನೆನೆಯುವ, ಗಮನಿಸುವ, ನಿರೀಕ್ಷಿಸುವ ಜೀವವೊಂದಿಲ್ಲದೆ ಕಾಲವನ್ನು ಪ್ರತ್ಯೇಕಿಸಿ ತೆಗೆಯಲಾಗದು. ತೆಗೆದದ್ದು ಎಂಡೆ ಹೇಳುವಂತೆ ಒಣ ಎಸಳು ಮಾತ್ರ.

ಆದರೂ ‘ಮೋಮೋ’ಗೆ ಒಂದು ಮಿತಿಯಿದೆ. ಅಲ್ಲಿ ಕಾಲವನ್ನು ಕೂಡಿಡುವುದೆಲ್ಲವೂ ಕಳ್ಳತನವೇ. ಹಾಗಾದರೆ ಪರಂಪರೆಯೆಂಬುದು ಹೇಗೆ ಸಾಧ್ಯ? ಒಂದು ತಲೆಮಾರಿನ ಕಾಲ ಇನ್ನೊಂದಕ್ಕೆ ತಲುಪುವುದು ಹೇಗೆ? ಕೂಡಿಡುವುದೇ ಪಾಪವೆಂಬ ಸುಲಭ ಪ್ರಬೋಧನೆಯನ್ನು ಪವಿತ್ರ ಗ್ರಂಥ ಒಪ್ಪುವುದಿಲ್ಲ. ಅದು ಹೇಳುವುದು ಇನ್ನೂ ಸೂಕ್ಷ್ಮವಾಗಿದೆ.

4. ಮನ್ನದ ಮೂರು ನಿಯಮಗಳು

ವಿಮೋಚನಾಕಾಂಡದ 16ನೆಯ ಅಧ್ಯಾಯದ ಮನ್ನ ಕಾಲಕ್ಕೆ ಕಟ್ಟುಬಿದ್ದ ಆಹಾರ. ಬಿಸಿಲೇರಿದರೆ ಕರಗುತ್ತದೆ, ಮರುದಿನಕ್ಕೆ ಇಟ್ಟರೆ ಹುಳು ಬೀಳುತ್ತದೆ. ಇದು ಮೊದಲ ನಿಯಮ: ಭಯದಿಂದ ಕೂಡಿಟ್ಟದ್ದು ಕೊಳೆಯುತ್ತದೆ. ಲೂಕ 12ರಲ್ಲಿ ಹೊಸ ಕಣಜ ಕಟ್ಟಲು ಹೊರಟ ಸಿರಿವಂತನ ಸಾಮತಿ ಇದೇ ನಿಯಮದ ವ್ಯಾಖ್ಯಾನ. ಅವನು ಧಾನ್ಯದ ಜೊತೆಗೆ ‘ಅನೇಕ ವರ್ಷ’ಗಳನ್ನೂ ಕಣಜಕ್ಕೆ ತುಂಬಿದ್ದೇನೆಂದುಕೊಂಡಿದ್ದ.

ಎರಡನೆಯ ನಿಯಮ: ಆರನೆಯ ದಿನ ಇಮ್ಮಡಿ ಕೂಡಿಸಿ ಮರುದಿನಕ್ಕೆ ಇಡಬೇಕು, ಅದು ಕೊಳೆಯುವುದಿಲ್ಲ. ಅದೇ ಪದಾರ್ಥ, ಅದೇ ಪಾತ್ರೆ, ಬದಲಾದದ್ದು ಉದ್ದೇಶ. ಯಾರೂ ದುಡಿಯದೆ, ಎಲ್ಲರೂ ವಿಶ್ರಮಿಸುವಂತಾಗಲು ಇಟ್ಟದ್ದು ಕೆಡುವುದಿಲ್ಲ.

ಮೂರನೆಯ ನಿಯಮವೇ ವಿಸ್ಮಯಕರ. ಒಂದು ಓಮೆರ್ ಅಳತೆಯ ಮನ್ನವನ್ನು ಪಾತ್ರೆಯಲ್ಲಿ ತುಂಬಿ, ಮುಂದಿನ ತಲೆಮಾರುಗಳು ನೋಡಲೆಂದು ದೇವರ ಸನ್ನಿಧಿಯಲ್ಲಿ ಇಡಬೇಕು. ಇಬ್ರಿಯರಿಗೆ ಬರೆದ ಪತ್ರ (9:4) ಒಡಂಬಡಿಕೆಯ ಮಂಜೂಷದಲ್ಲಿದ್ದ ಈ ಪಾತ್ರೆಯನ್ನು ಚಿನ್ನದ್ದೆಂದು ನೆನೆಯುತ್ತದೆ. ತಿನ್ನಲಾಗದ, ಮಾರಲಾಗದ, ಒಬ್ಬನ ದಿನಪಡಿಯಷ್ಟೇ ಇರುವ ಈ ಮನ್ನ ಬಂಡವಾಳವಲ್ಲ, ಸಾಕ್ಷ್ಯ. ವೈಸ್‌ನ ತಿಜೋರಿಯ ಕರಡಿಗೆಗೂ ಈ ಪಾತ್ರೆಗೂ ನಡುವಿನ ಅಂತರವನ್ನು ವಿದ್ಯಾರ್ಥಿಗಳು ಗಮನಿಸಬೇಕು. ಒಂದು ಹತ್ತು ಲಕ್ಷ ವರ್ಷಗಳನ್ನು ಒಬ್ಬನಿಗಾಗಿ ಅಡಗಿಸುತ್ತದೆ. ಇನ್ನೊಂದು ಒಂದು ದಿನದ ಪಾಲನ್ನು ಎಲ್ಲ ತಲೆಮಾರುಗಳಿಗೂ ತೋರಿಸುತ್ತದೆ. ಹೆಚ್ಚು ಕೂಡಿಸಿದವನಿಗೆ ಮಿಗಲಿಲ್ಲ, ಕಡಿಮೆ ಕೂಡಿಸಿದವನಿಗೆ ಕೊರತೆಯಾಗಲಿಲ್ಲ ಎಂಬ ಮನ್ನದ ಲೆಕ್ಕವನ್ನೇ ಸಂತ ಪೌಲರು ಜೆರುಸಲೇಮಿನ ಬಡವರಿಗಾಗಿ ಹಣ ಎತ್ತುವಾಗ ಕೊರಿಂಥದವರಿಗೆ ನೆನಪಿಸುತ್ತಾರೆ (2 ಕೊರಿಂಥ 8:15).

5. ಶಿವಪುರದ ಸಾಕ್ಷ್ಯ

ಮದ್ದೂರಿನ ಸುತ್ತಿನ ಸೀಮೆಯ ಒಕ್ಕಲಿಗೆ ಈ ಪಾಠ ಹೊಸದೇನೂ ಅಲ್ಲ. ಕಡಿದ ಕಬ್ಬು ಕಾಯುವುದಿಲ್ಲ. ದಿನ ಕಳೆದಂತೆ ತೂಕ ಇಳಿಯುತ್ತದೆ, ಸಕ್ಕರೆಯ ಅಂಶವೂ ಇಳಿಯುತ್ತದೆ. ಕಾರ್ಖಾನೆಯ ಬಾಗಿಲಲ್ಲಿ ಸಾಲುಗಟ್ಟಿ ನಿಂತ ಗಾಡಿಯಿಂದ ಸೋರಿಹೋಗುವುದು ರೈತನ ಕಾಲವೇ. ಆದರೆ ಆ ನಷ್ಟ ಯಾರ ಲೆಕ್ಕದಲ್ಲೂ ಬರುವುದಿಲ್ಲ. ಅದೇ ಕಬ್ಬನ್ನು ಆಲೆಮನೆಗೆ ಒಯ್ದು, ಹಾಲನ್ನು ಕೊಪ್ಪರಿಗೆಯಲ್ಲಿ ಕಾಯಿಸಿ, ಅಚ್ಚಿಗೆ ಹುಯ್ದರೆ ಬೆಲ್ಲವಾಗಿ ತಿಂಗಳುಗಟ್ಟಲೆ ಉಳಿಯುತ್ತದೆ. ಉಳಿದದ್ದು ಕಬ್ಬಲ್ಲ, ಬೆಂಕಿಯನ್ನು ಹಾದು ರೂಪಾಂತರಗೊಂಡ ಇನ್ನೊಂದು. ಕಾಲಕ್ಕೆ ಒಳಪಟ್ಟದ್ದು ಇದ್ದಂತೆಯೇ ಉಳಿಯುವುದಿಲ್ಲ, ರೂಪಾಂತರದಿಂದ ಮಾತ್ರ ಉಳಿಯುತ್ತದೆ ಎಂಬುದು ಆಲೆಮನೆಯ ತತ್ತ್ವ. ನಿಕಲ್‌ರ ಕರಡಿಗೆಯ ಮೂಲ ಸುಳ್ಳು ಇರುವುದು ಇಲ್ಲೇ: ಅದರಿಂದ ಹೊರಬರುವ ಕಾಲ ಒಳಹೋದ ಕಾಲದಂತೆಯೇ ಇರುತ್ತದೆ.

ಮದ್ದೂರಿಗೆ ಸೇರಿಕೊಂಡಂತಿರುವ ಶಿವಪುರದಲ್ಲಿ ಇನ್ನೊಂದು ಬಗೆಯ ಉಳಿಕೆಯಿದೆ. 1938ರ ಏಪ್ರಿಲ್‌ನಲ್ಲಿ ಮೈಸೂರು ಕಾಂಗ್ರೆಸ್ಸಿನ ಅಧಿವೇಶನ ಇಲ್ಲಿ ಸೇರಿದಾಗ, ನಿಷೇಧಾಜ್ಞೆಯನ್ನು ಮೀರಿ ಟಿ. ಸಿದ್ದಲಿಂಗಯ್ಯನವರ ನಾಯಕತ್ವದಲ್ಲಿ ತ್ರಿವರ್ಣಧ್ವಜವನ್ನು ಏರಿಸಲಾಯಿತು, ನಾಯಕರು ಬಂಧನಕ್ಕೊಳಗಾದರು. ಅದೇ ತಿಂಗಳು ವಿದುರಾಶ್ವತ್ಥದಲ್ಲಿ ಧ್ವಜಕ್ಕಾಗಿ ಸೇರಿದ ಜನರ ಮೇಲೆ ಗುಂಡು ಹಾರಿತು. ಶಿವಪುರದಲ್ಲಿ ಇಂದು ಸತ್ಯಾಗ್ರಹ ಸೌಧ ನಿಂತಿದೆ. ಆ ಏಪ್ರಿಲ್ ದಿನ ಆ ಕಟ್ಟಡದೊಳಗೆ ಇದೆಯೇ? ಇಲ್ಲ. ಬಾಗಿಲು ತೆರೆದು ಒಂದು ಗಂಟೆಯಷ್ಟು 1938ನ್ನು ಹೊರತೆಗೆಯಲಾಗದು. ಸ್ಮಾರಕ ಕಾಲವನ್ನು ಹಿಡಿದಿಡುವುದಿಲ್ಲ. ಅಂದು ಬಟ್ಟೆಯ ತುಂಡೊಂದಕ್ಕಾಗಿ ಸೆರೆಗೆ ಹೋಗಲು ಸಿದ್ಧರಾದವರ ಮುಂದೆ ಇಂದಿನವರನ್ನು ನಿಲ್ಲಿಸುತ್ತದೆ. ಅಲ್ಲಿಂದ ಯಾರೂ ಏನನ್ನೂ ಪಡೆದುಕೊಂಡು ಹೋಗುವುದಿಲ್ಲ. ಪ್ರಶ್ನೆಯೊಂದಕ್ಕೆ ಗುರಿಯಾಗಿ ಹೋಗುತ್ತಾರೆ. ಹಾಗೆ ಗುರಿಯಾಗಲು ಯಾರೂ ಬರದ ದಿನ ಸೌಧ ಬರೀ ಕಲ್ಲು ಗಾರೆ.

6. ದಾರಿಬುತ್ತಿ

ಈ ಹೋಲಿಕೆಯನ್ನು ಬಲಿಪೂಜೆಗೆ ಅನ್ವಯಿಸುವಾಗ ಎಚ್ಚರಿಕೆ ಬೇಕು. ಸತ್ಯಾಗ್ರಹದ ನೆನಪು ನೆನೆಯುವವರ ಬಲದಿಂದ ಉಳಿಯುತ್ತದೆ. ಪ್ರಭುವಿನ ಸಂಸ್ಮರಣೆಯಾದರೋ ನಮ್ಮ ಸ್ಮರಣಶಕ್ತಿಯನ್ನು ಅವಲಂಬಿಸಿಲ್ಲ. ಮರಣವನ್ನು ಜಯಿಸಿ ಜೀವಿಸುವವರ ಸಾನ್ನಿಧ್ಯವನ್ನೂ ನಾವು ಆವಾಹಿಸುವ ಪವಿತ್ರಾತ್ಮರನ್ನೂ ಅವಲಂಬಿಸಿದೆ. ಕ್ರಿಸ್ತರ ರಹಸ್ಯಗಳು ದೈವಾರಾಧನೆಯ ವರ್ಷದಲ್ಲಿ ಒಂದು ರೀತಿಯಲ್ಲಿ ಎಲ್ಲ ಕಾಲಕ್ಕೂ ಪ್ರಸ್ತುತವಾಗುತ್ತವೆಂದು ದ್ವಿತೀಯ ವ್ಯಾಟಿಕನ್ ಮಹಾಸಭೆ ದೈವಾರಾಧನೆಯ ಸಂವಿಧಾನದ 102ನೆಯ ಪರಿಚ್ಛೇದದಲ್ಲಿ ಬೋಧಿಸುತ್ತದೆ. ಪಾಸ್ಖಾ ರಹಸ್ಯವನ್ನು ನಾವು ನಮ್ಮ ಕಾಲಕ್ಕೆ ಸಾಗಿಸಿ ತರುವುದಿಲ್ಲ. ಅದು ನಮ್ಮನ್ನು ತನ್ನೊಳಗೆ ಸೇರಿಸಿಕೊಳ್ಳುತ್ತದೆ. ಕರಡಿಗೆಯ ಚಲನೆಗೆ ಇದು ನೇರ ವಿರುದ್ಧವಾದ ಚಲನೆ.

ಆದರೂ ಧರ್ಮಸಭೆ ಪರಮಪ್ರಸಾದವನ್ನು ಇಟ್ಟುಕೊಳ್ಳುತ್ತದೆ, ಸಾಗಿಸುತ್ತದೆ. ಎರಡನೆಯ ಶತಮಾನದ ಮಧ್ಯದಲ್ಲೇ ಸಂತ ಜಸ್ಟಿನರು ತಮ್ಮ ಮೊದಲ ಸಮರ್ಥನಾ ಗ್ರಂಥದ 67ನೆಯ ಅಧ್ಯಾಯದಲ್ಲಿ, ಪೂಜೆಗೆ ಬರಲಾಗದವರಿಗೆ ಸೇವಾದರ್ಶಿಗಳು ಪ್ರಸಾದವನ್ನು ಕೊಂಡೊಯ್ಯುತ್ತಿದ್ದುದನ್ನು ದಾಖಲಿಸಿದ್ದಾರೆ. ಪರಮಪ್ರಸಾದವನ್ನು ಕಾಯ್ದಿಡುವುದರ ಪ್ರಥಮ ಹಾಗೂ ಮೂಲ ಉದ್ದೇಶ ಮರಣಾಸನ್ನರಿಗೆ ಅದನ್ನು ನೀಡುವುದೇ ಎಂದು 1967ರ ‘ಯೂಕರಿಸ್ತಿಕುಂ ಮಿಸ್ತೇರಿಯುಂ’ ಸೂಚನಾಪತ್ರ ಸ್ಪಷ್ಟಪಡಿಸಿತು. ಆರಾಧನೆ ಆ ಕಾಯ್ದಿಡುವಿಕೆಯಿಂದ ಹುಟ್ಟಿದ ಸುಂದರ ಫಲ. ಲತೀನಿನಲ್ಲಿ ಇದಕ್ಕೆ ‘ವಿಯಾಟಿಕುಂ’ ಎಂದು ಹೆಸರು. ಕನ್ನಡದಲ್ಲಿ ನಮಗೆ ‘ದಾರಿಬುತ್ತಿ’ ಎಂಬ ಸಮೃದ್ಧ ಪದವೇ ಇದೆ. ಬುತ್ತಿಯನ್ನು ಕಟ್ಟುವುದು ಕೂಡಿಡಲಿಕ್ಕಲ್ಲ, ಹೊರಟವರಿಗಾಗಿ. ಮನ್ನದ ಎರಡನೆಯ ಮತ್ತು ಮೂರನೆಯ ನಿಯಮಗಳು ಇಲ್ಲಿ ಒಂದಾಗುತ್ತವೆ.

ಧ್ವನಿಮುದ್ರಿತ ಪೂಜೆಯ ಪ್ರಶ್ನೆಯನ್ನು ಈ ಬೆಳಕಿನಲ್ಲಿ ನೋಡಬೇಕು. 2020ರ ಮಾರ್ಚ್‌ನಲ್ಲಿ, ಕೊರೋನಾ ಕಾಲದ ಪವಿತ್ರ ವಾರಕ್ಕಾಗಿ ರೋಮಿನ ದೈವಾರಾಧನಾ ಆಯೋಗ ಹೊರಡಿಸಿದ ಆದೇಶ, ಪ್ರಸಾರ ನೇರವಾಗಿರಬೇಕು, ಧ್ವನಿಮುದ್ರಿತವಾಗಿರಬಾರದು ಎಂದು ಸೂಚಿಸಿತು. ಅನೇಕರಿಗೆ ಇದು ತಾಂತ್ರಿಕ ಕಟ್ಟುಪಾಡೆಂದು ತೋರಿತು. ಅದರ ಹಿಂದಿನ ದೈವಶಾಸ್ತ್ರ ಸರಳ: ಮನೆಯಲ್ಲಿರುವ ವಿಶ್ವಾಸಿ ಅದೇ ಗಳಿಗೆಯಲ್ಲಿ ಪ್ರಾರ್ಥಿಸುವ ಸಭೆಯೊಡನೆ ಒಂದಾಗಬಲ್ಲನು, ಮುಗಿದುಹೋದ ಕ್ರಿಯೆಯ ಬಿಂಬದೊಡನೆ ಹಾಗೆ ಒಂದಾಗಲಾರನು. ಧ್ವನಿಮುದ್ರಿಕೆ ನಿಲ್ಲಿಸಬಹುದಾದ, ಓಡಿಸಬಹುದಾದ, ಪ್ರಬೋಧನೆಯನ್ನು ದಾಟಿ ಮುಂದೆ ಹೋಗಬಹುದಾದ ಪೂಜೆಯನ್ನು ನಮ್ಮ ಕೈಗೆ ಕೊಡುತ್ತದೆ. ನೋಡುವವನು ಕಾಲದ ಒಡೆಯನಾಗುತ್ತಾನೆ. ದೈವಾರಾಧನೆಯಲ್ಲಿ ನಾವು ಕಲಿಯಬೇಕಾದದ್ದು ಒಡೆತನವನ್ನು ಬಿಟ್ಟುಕೊಡುವುದನ್ನೇ.

ಇದರರ್ಥ ಚಿತ್ರಮಾಧ್ಯಮ ಕೀಳೆಂದಲ್ಲ. ಸಿನಿಮಾ ಎಂಬುದೇ ಕಾಲವನ್ನು ಸುರುಳಿ ಸುತ್ತಿ ಡಬ್ಬಿಯಲ್ಲಿಡುವ ಕಲೆ. ಆದರೆ ಆ ಡಬ್ಬಿಯೂ ನಶ್ವರ: 1934ರಲ್ಲಿ ತೆರೆಕಂಡ ಮೊದಲ ಕನ್ನಡ ವಾಕ್ಚಿತ್ರ ‘ಸತಿ ಸುಲೋಚನ’ದ ಒಂದು ಪ್ರತಿಯೂ ಇಂದು ಉಳಿದಿಲ್ಲ. ಅದರ ಎರಡೇ ವರ್ಷಗಳ ಹಿಂದೆಯೋ ಮುಂದೆಯೋ ಯಾವುದೋ ಹಳ್ಳಿಯ ಗುಡಿಯಲ್ಲಿ ಅರ್ಪಿತವಾದ ಬಲಿಪೂಜೆಯ ಚಿತ್ರವೂ ಎಲ್ಲಿಯೂ ಇಲ್ಲ. ಆದರೆ ಆ ಪೂಜೆ ಕಳೆದುಹೋಗಿಲ್ಲ. ಅಂದು ರೊಟ್ಟಿ ಮುರಿದವರು ಇಂದು ನಾವು ಅರ್ಪಿಸುವ ಬಲಿಯಲ್ಲಿ ಸಂತರ ಸಹಭಾಗಿತ್ವದ ಮೂಲಕ ನಮ್ಮೊಡನಿದ್ದಾರೆ.

7. ಕೊನೆಯ ಮಾತು

ಚಿತ್ರವಾಗಿ ‘ಇನ್ ಟೈಮ್’ ಸಾಧಾರಣ ಕೃತಿ, ಉಪಮೆಯಾಗಿ ಬೆಲೆಯುಳ್ಳದ್ದು. ಗುರುಮಠದ ತರಗತಿಯಲ್ಲಿ ಸಾಮಾಜಿಕ ಬೋಧನೆಯ ಪಾಠಕ್ಕೆ ಅದರ ಮೊದಲರ್ಧವನ್ನೂ, ಸಂಸ್ಕಾರಗಳ ಪಾಠಕ್ಕೆ ‘ಮೋಮೋ’ ಜೊತೆ ವಿಮೋಚನಾಕಾಂಡದ 16ನೆಯ ಅಧ್ಯಾಯವನ್ನೂ ಬಳಸಬಹುದೆಂದು ನಾವು ಶಿಫಾರಸು ಮಾಡುತ್ತೇವೆ.

ಗುರುಗಳಿಗೆ ಅದು ಕೇಳುವ ಪ್ರಶ್ನೆ ಇನ್ನೂ ಹತ್ತಿರದ್ದು. ರೇಚಲ್ ಓಡಿದ್ದು ಒಂದು ಕೈಯತ್ತ. ಅವಳಿಗೆ ಬೇಕಾಗಿದ್ದ ಕಾಲ ಊರಿನ ತಿಜೋರಿಗಳಲ್ಲಿ ಯಥೇಚ್ಛವಾಗಿತ್ತು. ಸಮಯಕ್ಕೆ ಸರಿಯಾಗಿ ತಲುಪುವ ಕೈ ಇರಲಿಲ್ಲ. ನಮ್ಮ ಧರ್ಮಕೇಂದ್ರಗಳಲ್ಲಿ ಪ್ರಸಾದದ ಪೆಟ್ಟಿಗೆಗಳು ಬರಿದಾಗಿಲ್ಲ. ಅಲ್ಲಿಂದ ಹಾಸಿಗೆ ಹಿಡಿದವರ ಮನೆಗೆ ಹೋಗುವ ದಾರಿ ಎಷ್ಟು ಸವೆದಿದೆ ಎಂಬುದನ್ನು ಮಾತ್ರ ನೋಡಿಕೊಳ್ಳಬೇಕು. ಚಿಕ್ಕ ಕರಡಿಗೆಯೊಂದನ್ನು ಎದೆಗೊತ್ತಿಕೊಂಡು ಸಂಜೆ ಹೊರಡುವ ಗುರು ಯಾರಿಗೂ ಒಂದು ನಿಮಿಷದ ಆಯುಷ್ಯವನ್ನೂ ಕೊಂಡೊಯ್ಯುವುದಿಲ್ಲ. ಕಾಲದ ಒಡೆಯರಾದ ಪ್ರಭುವನ್ನೇ ಕೊಂಡೊಯ್ಯುತ್ತಾರೆ. ಜೊತೆಗೆ, ಕೂಡಿಡಲಾಗದ ತಮ್ಮ ಆ ಸಂಜೆಯನ್ನೂ ಆ ಮನೆಯಲ್ಲಿ ಬಿಟ್ಟುಬರುತ್ತಾರೆ.